ಸುಲ್ತಾನನನ್ನು ಸ್ವಲ್ಪ ಪಕ್ಕಕ್ಕೆ ಸರಿಸಿ

ಪ್ರಿಯರೇ,

ನಮಸ್ಕಾರ. ನೀವು ಕಳುಹಿಸಿದ ‘ಸಹಿಷ್ಣುತೆಯ ಸುವರ್ಣಯುಗ: ಒಟ್ಟೋಮನ್ ಸಾಮ್ರಾಜ್ಯದ ಯಹೂದಿಗಳು’ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಪ್ರಕಟಿಸಲು ಆಗುವುದಿಲ್ಲ. ಹಾಗೆಂದು ಪಕ್ಕಕ್ಕೆ ಎತ್ತಿಡಲೂ ಮನಸ್ಸು ಬರಲಿಲ್ಲ. ಅದಕ್ಕೆ ಕಾರಣ ನಿಮ್ಮ ಎಂಟನೆಯ ಪುಟದಲ್ಲಿದೆ, ಅಲ್ಲಿಗೆ ಆಮೇಲೆ ಬರುತ್ತೇನೆ.

ಮೊದಲ ಏಳು ಪುಟಗಳಲ್ಲಿ ಸುಲ್ತಾನರು ಬರುತ್ತಾರೆ, ಔದಾರ್ಯ ತೋರಿಸುತ್ತಾರೆ, ಹೋಗುತ್ತಾರೆ. ಯಹೂದಿಗಳು ಕೈಕಟ್ಟಿ ನಿಂತಿರುತ್ತಾರೆ. ಯಹೂದಿಗಳನ್ನು ಹೊರಗಟ್ಟಿದ ಸ್ಪೇನಿನ ಅರಸ ಫರ್ಡಿನಾಂಡ್ ತನ್ನ ದೇಶವನ್ನು ಬಡವಾಗಿಸಿ ನನ್ನದನ್ನು ಸಿರಿವಂತವಾಗಿಸಿದ, ಅವನನ್ನು ಜಾಣನೆನ್ನುತ್ತೀರಾ ಎಂಬ ಸುಲ್ತಾನ ಎರಡನೆಯ ಬಾಯಜೀದನ ಮಾತನ್ನು ಮೂರು ಕಡೆ ಹಾಕಿದ್ದೀರಿ. ಮಾತೇನೋ ಸೊಗಸಾಗಿದೆ. ಆದರೆ ಅದು ಸಿಗುವುದು ಯಹೂದಿ ಲೇಖಕರು ನಂತರ ಬರೆದ ಇತಿಹಾಸಗಳಲ್ಲಿ, ಸುಲ್ತಾನನ ಆಸ್ಥಾನದ ದಾಖಲೆಗಳಲ್ಲಿ ಅಲ್ಲ. ಬಿಜಾಪುರದ ಯೂಸುಫ್ ಆದಿಲ್ ಶಾ ಒಟ್ಟೋಮನ್ ಸುಲ್ತಾನನ ಮಗನಂತೆ ಎಂಬ ಕಥೆ ನಮ್ಮವರಿಗೂ ಗೊತ್ತು. ಅದನ್ನು ಚರಿತ್ರೆಕಾರ ಫೆರಿಶ್ತಾ ಬರೆದಿಟ್ಟದ್ದು ಯೂಸುಫ್ ಸತ್ತು ಸುಮಾರು ನೂರು ವರ್ಷವಾದ ಮೇಲೆ. ಇಂಥ ಮಾತುಗಳನ್ನು ಬಿಡಬೇಕೆಂದಿಲ್ಲ, ಯಾರು ಯಾವಾಗ ಹೇಳಿದರು ಎಂಬುದನ್ನು ಸೇರಿಸಿ ಒಂದು ಸಲ ಹಾಕಿದರೆ ಸಾಕು.

1492ರಲ್ಲಿ ಸ್ಪೇನ್ ಬಿಟ್ಟವರೆಲ್ಲ ನೇರವಾಗಿ ಇಸ್ತಾಂಬುಲಿಗೆ ಹಡಗು ಹತ್ತಲಿಲ್ಲ. ಬಹಳ ಜನ ಪಕ್ಕದ ಪೋರ್ಚುಗಲ್ಲಿಗೆ ಹೋದರು. 1497ರಲ್ಲಿ ಅಲ್ಲಿಯೂ ಬಲವಂತದ ಮತಾಂತರವಾಯಿತು. ನೀವು ಅರ್ಧ ಸಾಲಿನಲ್ಲಿ ಹೆಸರಿಸಿ ಬಿಟ್ಟ ಶ್ರೀಮಂತ ಯಹೂದಿ ವ್ಯಾಪಾರಿ ಮಹಿಳೆ ಡೋನಾ ಗ್ರಾಸಿಯಾ ಲಿಸ್ಬನ್, ಆಂಟ್ವರ್ಪ್, ವೆನಿಸ್, ಫೆರಾರಾ ಸುತ್ತಿ ಇಸ್ತಾಂಬುಲ್ ತಲುಪಿದ್ದು 1553ರಲ್ಲಿ. ಅಂದರೆ ವಲಸೆಗೆ ಅರವತ್ತು ವರ್ಷ ಹಿಡಿದಿದೆ, ನೀವು ಅದನ್ನು ಒಂದು ಪ್ಯಾರಾದಲ್ಲಿ ಮುಗಿಸಿದ್ದೀರಿ.

ನಿಮ್ಮ ಲೇಖನದಲ್ಲಿ ಎಲ್ಲಿಯೂ ಇಲ್ಲದ ಪದವೊಂದಿದೆ: ಸುರ್ಗುನ್. ಆಜ್ಞೆಯ ಮೇಲೆ ಜನರನ್ನು ಒಂದೂರಿನಿಂದ ಎಬ್ಬಿಸಿ ಇನ್ನೊಂದೂರಿಗೆ ತಂದು ಕೂರಿಸುವುದು. ಬಾಯಜೀದನ ತಂದೆ ಮೆಹಮದ್ 1453ರಲ್ಲಿ ಕಾನ್‌ಸ್ಟಾಂಟಿನೋಪಲನ್ನು, ಅಂದರೆ ಇಸ್ತಾಂಬುಲನ್ನು, ಗೆದ್ದ ಮೇಲೆ ಬರಿದಾಗಿದ್ದ ನಗರವನ್ನು ತುಂಬಿಸಿದ್ದು ಹೀಗೆಯೇ. ಗ್ರೀಕ್ ಮಾತನಾಡುತ್ತಿದ್ದ ಹಳೆಯ ಯಹೂದಿಗಳೂ ಹಾಗೆ ಗಂಟುಮೂಟೆ ಕಟ್ಟಿದರು. ಇಂದಿನ ಗ್ರೀಸಿನ ಬಂದರು ನಗರವಾದ ಸಲೋನಿಕಾದ 1478ರ ಲೆಕ್ಕಪತ್ರದಲ್ಲಿ ಒಂದು ಯಹೂದಿ ಮನೆಯೂ ಕಾಣುವುದಿಲ್ಲ. ಸುಮಾರು ನಾಲ್ಕು ದಶಕ ಕಳೆಯುವ ಹೊತ್ತಿಗೆ ಅದೇ ಊರಿನಲ್ಲಿ ಅರ್ಧಕ್ಕಿಂತ ಹೆಚ್ಚು ಜನ ಯಹೂದಿಗಳೇ, ಅದೂ ಸ್ಪ್ಯಾನಿಷ್ ಮಾತನಾಡುವವರು. ಅಪ್ಪ ಖಾಲಿ ಮಾಡಿಸಿದ ಕೇರಿಗಳಿಗೆ ಮಗನ ಕಾಲದಲ್ಲಿ ಬೇರೆಯವರು ಬಂದರು. ಇದನ್ನು ಸಹಿಷ್ಣುತೆ ಎನ್ನುವುದಕ್ಕಿಂತ ಊರು ತುಂಬಿಸುವ ಲೆಕ್ಕಾಚಾರ ಎನ್ನುವುದು ನನಗೆ ಹೆಚ್ಚು ಸರಿಯೆನಿಸುತ್ತದೆ.

ಎರಡು ಸಣ್ಣ ತಕರಾರು. ಮುಸ್ಲಿಮೇತರರ ಮೇಲಿನ ಜೆಜಿಯಾ ತಲೆಗಂದಾಯವನ್ನೂ ಉಡುಪಿನ ಕಟ್ಟಳೆಗಳನ್ನೂ ಅಡಿಟಿಪ್ಪಣಿಗೆ ತಳ್ಳಿದ್ದೀರಿ. ಅವು ದಿನನಿತ್ಯದ ಸಂಗತಿಗಳು, ಮೇಲೆ ಬರಲಿ. ಇಡೀ ಸಾಮ್ರಾಜ್ಯದ ಯಹೂದಿಗಳಿಗೆ ಮೊದಲಿನಿಂದಲೂ ಒಬ್ಬ ಮುಖ್ಯ ರಬ್ಬಿ (ಯಹೂದಿ ಧರ್ಮಗುರು) ಇದ್ದ ಎಂದಿದ್ದೀರಿ. ಸರ್ಕಾರ ಅಂಥ ಹುದ್ದೆಯನ್ನು ಅಧಿಕೃತವಾಗಿ ಮಾಡಿದ್ದು 1835ರಲ್ಲಿ. ಅಲ್ಲಿಯವರೆಗೆ ಸಲೋನಿಕಾದಲ್ಲೇ ಅರಾಗಾನ್, ಕ್ಯಾಟಲಾನ್, ಸಿಸಿಲಿ, ಲಿಸ್ಬನ್ ಎಂದು ಬಿಟ್ಟುಬಂದ ಊರುಗಳ ಹೆಸರಿನ ಸಿನಗಾಗ್‌ಗಳು (ಯಹೂದಿ ಪ್ರಾರ್ಥನಾ ಮಂದಿರಗಳು) ಇದ್ದವು. ಪ್ರತಿಯೊಂದಕ್ಕೂ ಅದರದೇ ರಬ್ಬಿ, ಅದರದೇ ಹುಂಡಿ, ಅದರದೇ ಜಗಳ.

ಈಗ ಎಂಟನೆಯ ಪುಟ. ‘1637ರಲ್ಲಿ ರಬ್ಬಿ ಯೆಹೂದಾ ಕೋವೋ ಅವರನ್ನು ಮುರಾದ್ ಸುಲ್ತಾನನು ಕೊಲ್ಲಿಸಿದನು. ಇಂಥ ಅಪವಾದಗಳೂ ಇದ್ದವು’ ಎಂದು ಬರೆದು ಮುಂದೆ ಹೋಗಿದ್ದೀರಿ. ಎರಡೇ ಸಾಲು! ನಿಮ್ಮ ಲೇಖನ ಇರುವುದು ಇಲ್ಲಿ. ಸಲೋನಿಕಾದ ಯಹೂದಿಗಳು ಉಣ್ಣೆ ಬಟ್ಟೆ ನೇಯುತ್ತಿದ್ದರು. ಸುಲ್ತಾನನ ಖಾಸಾ ಪಡೆಯಾದ ಜಾನಿಸರಿ ಸೈನಿಕರ ಅಂಗಿಗೆ ಬೇಕಾದ ಆ ಬಟ್ಟೆಯನ್ನೇ ತೆರಿಗೆಯಾಗಿ ಅರಮನೆಗೆ ಒಪ್ಪಿಸಬೇಕಿತ್ತು. ಮೊದಮೊದಲು ಅದೇ ಅವರಿಗೆ ರಕ್ಷಣೆ; ಸೈನ್ಯಕ್ಕೆ ಬಟ್ಟೆ ಹೊದಿಸುವವರನ್ನು ಯಾರು ಓಡಿಸುತ್ತಾರೆ? ಬರಬರುತ್ತ ಉಣ್ಣೆಯ ಬೆಲೆ ಏರಿತು, ಇಂಗ್ಲೆಂಡಿನ ಬಟ್ಟೆ ಮಾರುಕಟ್ಟೆಗೆ ನುಗ್ಗಿತು. ಅರಮನೆಗೆ ಕೊಡಬೇಕಾದ ಬಟ್ಟೆ ಮಾತ್ರ ತಪ್ಪಲಿಲ್ಲ. ಕೋವೋ ನಿಯೋಗದ ಮುಂದಾಳಾಗಿ ರಾಜಧಾನಿಗೆ ಹೋದರು. ಬಟ್ಟೆ ಕಳಪೆ ಎಂಬ ದೂರು ಎದ್ದಿತು. ಅವರು ಊರಿಗೆ ಹಿಂದಿರುಗಲಿಲ್ಲ.

ಇದು ಅಪವಾದವಲ್ಲ ಸ್ವಾಮಿ. ಅವರಿಗೆ ನೆಲೆ ಕೊಡಿಸಿದ ಬಟ್ಟೆಯೇ ರಬ್ಬಿಯ ಕುತ್ತಿಗೆಗೆ ಬಂತು. ಲೇಖನವನ್ನು ಇಲ್ಲಿಂದ ಆರಂಭಿಸಿ. ಮಗ್ಗದ ಸದ್ದು ಕೇಳಿಸಲಿ, ಸುಲ್ತಾನ ಆಮೇಲೆ ಬರಲಿ.

ಹಾಗೆಂದು ನನ್ನ ಪತ್ರ ಓದಿ ಎಲ್ಲವನ್ನೂ ದಬ್ಬಾಳಿಕೆಯ ಕಥೆಯಾಗಿ ತಿರುಗಿಸಿಬಿಡಬೇಡಿ. 1493ರಲ್ಲೇ ಇಸ್ತಾಂಬುಲಿನಲ್ಲಿ ನಹ್ಮಿಯಾಸ್ ಸಹೋದರರು ಹೀಬ್ರೂ ಪುಸ್ತಕ ಅಚ್ಚು ಹಾಕಿದ್ದರು; ಟರ್ಕಿಷ್ ಪುಸ್ತಕಗಳಿಗಾಗಿ ಇಬ್ರಾಹಿಂ ಮುತೆಫೆರಿಕಾನ ಮುದ್ರಣಾಲಯ ಬರಲು 1720ರ ದಶಕ ಬೇಕಾಯಿತು. ಮುದ್ರಣದ ವಾಸನೆ ಹಿಡಿದ ನನ್ನಂಥವನಿಗೆ ಇದು ರೋಮಾಂಚನದ ಸಂಗತಿ.

ಬಾಗ್ದಾದಿನ ಅಧ್ಯಾಯವನ್ನು ತೆಗೆದುಬಿಡಿ. ಅರಬ್ಬಿ ಮಾತನಾಡುತ್ತಿದ್ದ ಅಲ್ಲಿನ ಯಹೂದಿಗಳ ಕಥೆಯೇ ಬೇರೆ. ಅಲ್ಲಿನ ಆಡಳಿತಾಧಿಕಾರಿ ಪಾಷಾನ ಕಿರುಕುಳ ತಾಳದೆ ಹೊರಟ ಡೇವಿಡ್ ಸಸೂನ್ 1830ರ ದಶಕದಲ್ಲಿ ಮುಂಬೈಗೆ ಬಂದು ನೆಲೆಸಿದರು. ಸಸೂನ್ ಡಾಕ್‌ನಲ್ಲಿ ಮೀನು ಕೊಂಡವರಿಗೆ ಅದು ಹತ್ತಿರದ ಕಥೆ. ಪ್ರತ್ಯೇಕ ಲೇಖನ ಮಾಡಿ, ಮೊದಲು ನನಗೇ ಕಳುಹಿಸಿ.

ಪರಿಷ್ಕೃತ ಪ್ರತಿ ಎರಡು ಸಾವಿರ ಪದಗಳೊಳಗೆ ಇರಲಿ. ಕೊನೆಯದಾಗಿ, ನಿಮ್ಮ ಹನ್ನೊಂದನೆಯ ಪುಟದಲ್ಲಿ ‘ಸಲೋನಿಕಾ, ಸೆಲಾನಿಕ್, ಥೆಸಲೋನಿಕಿ ಎಂಬ ಮೂರು ಬಂದರು ನಗರಗಳಲ್ಲಿ’ ಎಂದಿದೆ. ಮೂರೂ ಒಂದೇ ಊರು. ಒಂದು ಹೆಸರು ಉಳಿಸಿಕೊಂಡು ಕಳುಹಿಸಿ.

ನಿಮ್ಮ,
ಸಂಪಾದಕ