ಹರಾಜಿನ ತೋಟ ಕೊಳ್ಳುವ ಮೊದಲು ಒಂದು ಮಾತು

ಕೊಡಗಿನ ಕುಟ್ಟದ ಕಡೆ ಕಾಫಿ ತೋಟವೊಂದು ಬ್ಯಾಂಕ್ ಹರಾಜಿಗೆ ಬಂದಿದೆ, ರೇಟು ಕಡಿಮೆ ಇದೆ, ತಗೋಬಹುದಾ ಅಂತ ಕೇಳಿದ್ದೀರಿ. ನಾನು ಇರುವುದು ಇಲ್ಲೇ. ಗಡಿ ದಾಟಿದರೆ ತೋಲ್ಪೆಟ್ಟಿ, ವಯನಾಡು ಶುರು. ತಗೋಬೇಡಿ ಅನ್ನುವುದಿಲ್ಲ. ಆದರೆ ಆ ನೋಟಿಸಿನ ಹಿಂದೆ ಏನಿದೆ ಅಂತ ನೋಡಿಕೊಂಡು ಬನ್ನಿ.

ನಮ್ಮ ಪಕ್ಕದ ತೋಟದ ಗೇಟಿಗೂ ಒಮ್ಮೆ ಬ್ಯಾಂಕಿನವರು ಕಾಗದ ಅಂಟಿಸಿದ್ದರು. ಜಡಿಮಳೆಗೆ ನೆನೆದು ಅಕ್ಷರ ಕದಡಿತು. ಮತ್ತೆ ಬಂದು ಪ್ಲಾಸ್ಟಿಕ್ ಹೊದಿಸಿ ಅಂಟಿಸಿ ಹೋದರು. ಯಜಮಾನರು ನಾಚಿಕೆಗೆ ಎರಡು ವಾರ ಪೇಟೆಗೇ ಇಳಿಯಲಿಲ್ಲ. ಕೇಸಿನಲ್ಲಿ ದುಬಾರಿಯಾಗಿದ್ದು ಆ ಎರಡು ವಾರವೇ.

ಯಾಕೆಂದರೆ 2002ರ ಸರ್ಫೇಸಿ ಕಾಯ್ದೆಯಲ್ಲಿ, ಅಂದರೆ ಅಡಮಾನದ ಆಸ್ತಿಯನ್ನು ಬ್ಯಾಂಕೇ ವಶಪಡಿಸಿಕೊಂಡು ಮಾರಲು ಬಿಡುವ ಕಾನೂನಿನಲ್ಲಿ, ಎಲ್ಲವೂ ದಿನದ ಲೆಕ್ಕ. ಕಂತು ಕಟ್ಟದೆ ಸಾಲ ಎನ್‌ಪಿಎ (ವಸೂಲಾಗದ ಸಾಲ) ಆದ ಮೇಲೆ 60 ದಿನದ ನೋಟಿಸ್. ತಕರಾರು ಬರೆದು ಕೊಟ್ಟರೆ ಬ್ಯಾಂಕ್ 15 ದಿನದಲ್ಲಿ ಉತ್ತರ ಕೊಡಬೇಕು. ಆಮೇಲೆ ಸ್ವಾಧೀನ. ಅದನ್ನು ಪ್ರಶ್ನಿಸಲು ಇರುವುದು 45 ದಿನ, ಅದೂ ಸಾಲ ವಸೂಲಾತಿ ನ್ಯಾಯಮಂಡಳಿಯಲ್ಲಿ. ಅದು ಮಡಿಕೇರಿಯಲ್ಲಿಲ್ಲ, ಬೆಂಗಳೂರಿನಲ್ಲಿದೆ. ಇಲ್ಲಿನ ಸಿವಿಲ್ ಕೋರ್ಟಿಗೆ ಹೋದರೆ ಸಾಮಾನ್ಯವಾಗಿ ಕೈಗೆತ್ತಿಕೊಳ್ಳುವುದಿಲ್ಲ. ನೇರ ಹೈಕೋರ್ಟಿಗೆ ಹೋಗುತ್ತೇನೆ ಅನ್ನುವವರೂ ಇದ್ದಾರೆ. ನ್ಯಾಯಮಂಡಳಿಯ ದಾರಿ ಇರುವಾಗ ಇಂಥ ರಿಟ್ ಅರ್ಜಿಗಳಲ್ಲಿ ಸುಲಭಕ್ಕೆ ಕೈ ಹಾಕಬೇಡಿ ಅಂತ ಸುಪ್ರೀಂ ಕೋರ್ಟ್ 2010ರಲ್ಲೇ ಹೈಕೋರ್ಟ್‌ಗಳಿಗೆ ಹೇಳಿದೆ.

ಕೊಡಗಿನಲ್ಲಿ ನಿಜವಾದ ಜಗಳ ಬೇರೆಯೇ. ಕೃಷಿ ಭೂಮಿಯ ಅಡಮಾನಕ್ಕೆ ಈ ಕಾಯ್ದೆ ಅನ್ವಯಿಸುವುದಿಲ್ಲ ಅಂತ 31ನೇ ಸೆಕ್ಷನ್‌ನಲ್ಲೇ ಇದೆ. ಹಾಗಾದರೆ ಕಾಫಿ ತೋಟ ಕೃಷಿ ಭೂಮಿಯಾ? ನಮ್ಮಲ್ಲಿ ಯಾರನ್ನಾದರೂ ಕೇಳಿ, ನಗುತ್ತಾರೆ. ಗಿಡ ನೆಟ್ಟು, ಕಸಿ ಮಾಡಿ, ಹೂಮಳೆಗೆ ಆಕಾಶ ನೋಡುತ್ತಾ ಕೂರುವುದು ಕೃಷಿ ಅಲ್ಲದೆ ಇನ್ನೇನು? ಕಾಫಿ ಬೆಳೆದು ಕ್ಯೂರಿಂಗ್ (ಸಿಪ್ಪೆ ಬಿಡಿಸಿ ಬೀಜ ಹದ ಮಾಡುವುದು) ಮಾಡದೆ ಮಾರಿದರೆ ಆದಾಯ ತೆರಿಗೆಯವರೂ ಅದನ್ನು ಕೃಷಿ ಆದಾಯ ಅಂತಲೇ ಒಪ್ಪುತ್ತಾರೆ. ಬ್ಯಾಂಕ್ ಮಾತ್ರ ಇದು ಪ್ಲಾಂಟೇಶನ್, ವ್ಯಾಪಾರಿ ಬೆಳೆ ಅನ್ನುತ್ತದೆ. 2018ರಲ್ಲಿ ತಮಿಳುನಾಡಿನ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಬರೀ ಕಂದಾಯ ದಾಖಲೆ ಸಾಲದು, ಅಡಮಾನದ ಸಮಯದಲ್ಲಿ ಜಮೀನು ನಿಜವಾಗಿ ಯಾವುದಕ್ಕೆ ಬಳಕೆಯಲ್ಲಿತ್ತು ಅಂತ ನೋಡಬೇಕು ಅಂದಿತು. ಹಾಗಾಗಿ ಪ್ರತಿ ತೋಟದ್ದೂ ಬೇರೆ ಬೇರೆ ಕಥೆ. ತೋಟದ ಮಧ್ಯೆ ನಾಲ್ಕು ಕೋಣೆಯ ಹೋಮ್‌ಸ್ಟೇ ಎದ್ದಿದ್ದರೆ ಬ್ಯಾಂಕಿನ ವಕೀಲರಿಗೆ ಅದೇ ಸಾಕು. ಹೋಮ್‌ಸ್ಟೇ ಕಟ್ಟಿಸಲು ಸಾಲ ಕೊಟ್ಟಿದ್ದೂ ಎಷ್ಟೋ ಸಲ ಬ್ಯಾಂಕೇ, ಅದಿರಲಿ.

ಇನ್ನು ಜಮ್ಮಾ ಜಮೀನು, ಅಂದರೆ ಕೊಡಗಿನಲ್ಲಿ ಕುಟುಂಬಕ್ಕೆ ತಲತಲಾಂತರದಿಂದ ಬಂದ ಭೂಮಿ. ಎಷ್ಟೋ ಕಡೆ ಪಹಣಿಯಲ್ಲಿ ಪಟ್ಟೆದಾರನ (ಮನೆತನದ ಮುಖ್ಯಸ್ಥನ) ಹೆಸರು, ಅದರ ಹಿಂದೆ ಇಡೀ ಒಕ್ಕ, ಅಂದರೆ ಮನೆತನ. ಒಬ್ಬರು ಅಡ ಇಟ್ಟಿರುತ್ತಾರೆ. ಸ್ವಾಧೀನಕ್ಕೆ ಬಂದಾಗ ದೊಡ್ಡಪ್ಪನ ಮಕ್ಕಳು ಮೈಸೂರಿನಿಂದ ಬಂದು ‘ನಮ್ಮ ಪಾಲು ಇಡೋಕೆ ನಿನಗ್ಯಾರು ಹೇಳಿದ್ದು’ ಅನ್ನುತ್ತಾರೆ. ಕೆಲವು ಸಲ ಅದು ನಿಜವಾದ ಸಿಟ್ಟು, ಕೆಲವು ಸಲ ವಕೀಲರು ಹೇಳಿಕೊಟ್ಟಿದ್ದು. ಎರಡನ್ನೂ ನೋಡಿದ್ದೇನೆ.

ಮೊದಲೆಲ್ಲ ಮಾರಾಟ ಆಗುವ ಕೊನೇ ಗಳಿಗೆಯವರೆಗೂ ಬಾಕಿ ಕಟ್ಟಿ ಬಿಡಿಸಿಕೊಳ್ಳಬಹುದಿತ್ತು. 2016ರ ತಿದ್ದುಪಡಿ ಆದ ಮೇಲೆ ಹರಾಜಿನ ಪ್ರಕಟಣೆ ಬರುವ ತನಕ ಮಾತ್ರ. ಅಷ್ಟರಲ್ಲಿ ಮೆಣಸು ಮಾರಿ ದುಡ್ಡು ಹೊಂದಿಸಲು ಆಗದವರು ಕೋರ್ಟಿನ ಬಾಗಿಲು ತಟ್ಟುತ್ತಾರೆ.

ನಿಮ್ಮ ವಿಷಯಕ್ಕೆ ಬಂದರೆ, ಬಿಡ್ ನಿಮ್ಮ ಹೆಸರಿಗೆ ನಿಂತ ದಿನ ಅಥವಾ ಮಾರನೇ ಕೆಲಸದ ದಿನದೊಳಗೆ ಕಾಲು ಭಾಗ ಹಣ ಕಟ್ಟಬೇಕು. ಉಳಿದದ್ದಕ್ಕೆ ಸಾಮಾನ್ಯವಾಗಿ 15 ದಿನ. ಕಟ್ಟಿದ ಮೇಲೆ ಕೇಸು ಎದ್ದರೆ ದುಡ್ಡೂ ನಿಂತಿತು, ತೋಟವೂ ನಿಂತಿತು. ಅದಕ್ಕೇ ಪಹಣಿ ತೆಗೆಸಿ, ನ್ಯಾಯಮಂಡಳಿಯಲ್ಲಿ ಅರ್ಜಿ ಬಾಕಿ ಇದೆಯಾ ಅಂತ ವಕೀಲರಿಂದ ನೋಡಿಸಿ. ಲೈನ್ ಮನೆಗಳಲ್ಲಿ (ಕಾರ್ಮಿಕರ ಸಾಲು ಮನೆಗಳಲ್ಲಿ) ಯಾರಿದ್ದಾರೆ ಅಂತಲೂ ವಿಚಾರಿಸಿ. ಆಮೇಲೆ ಕೈಮಡ, ಅಂದರೆ ಒಕ್ಕದ ಹಿರಿಯರ ಗುಡಿ, ಎಲ್ಲಿದೆ ಕೇಳಿ. ಅದು ತೋಟದೊಳಗೇ ಇದ್ದರೆ, ಹಿರಿಯರಿಗೆ ಎಡೆ ಇಡುವ ದಿನ ಇಡೀ ಒಕ್ಕ ನಿಮ್ಮ ಗೇಟು ದಾಟಿಯೇ ಬರಬೇಕು.