2004ರ ಸುನಾಮಿ: ಎರಡು ಗಂಟೆ ಇದ್ದರೂ ಎಚ್ಚರಿಕೆ ಏಕೆ ತಲುಪಲಿಲ್ಲ?

ಸುಮಾತ್ರಾದ ಬಳಿ ಕಡಲ ತಳ ಕಂಪಿಸಿ ತಮಿಳುನಾಡಿನ ದಂಡೆಗೆ ಅಲೆ ಬಡಿಯುವ ಹೊತ್ತಿಗೆ ಎರಡು ಗಂಟೆಗೂ ಹೆಚ್ಚು ಕಾಲ ಕಳೆದಿತ್ತು. ಹಾಗಿದ್ದೂ ಅಷ್ಟು ಜನ ಸತ್ತದ್ದೇಕೆ, ಇಂದು ಅದೇ ಮರುಕಳಿಸಿದರೆ ಉಳಿಯುತ್ತೇವೆಯೇ ಎಂದು ನೀವು ಕೇಳಿದ್ದೀರಿ. ಹಲವು ವರ್ಷ ಪ್ರೌಢಶಾಲೆಯಲ್ಲಿ ಭೂಗೋಳ ಕಲಿಸಿದ ನನ್ನನ್ನು ಈ ಪ್ರಶ್ನೆ ಪ್ರತಿ ಡಿಸೆಂಬರ್‌ನಲ್ಲೂ ಕಾಡುತ್ತದೆ. ಅಂದು ಸಮಯವೂ ಇತ್ತು, ಸುದ್ದಿಯೂ ಇತ್ತು. ಅದನ್ನು ದಂಡೆಯಲ್ಲಿ ನಿಂತವರ ಕಿವಿಗೆ ಮುಟ್ಟಿಸುವ ದಾರಿಯೊಂದೇ ಇರಲಿಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯ.

ಮೊದಲು ನಡೆದದ್ದೇನೆಂದು ಹೇಳುತ್ತೇನೆ. ತರಗತಿಯಲ್ಲಿ ನಾನು ಪ್ಲಾಸ್ಟಿಕ್ ಅಳತೆಪಟ್ಟಿಯ ಒಂದು ತುದಿಯನ್ನು ಮೇಜಿಗೆ ಒತ್ತಿ ಹಿಡಿದು, ಹೊರಚಾಚಿದ ತುದಿಯನ್ನು ಬೆರಳಿನಿಂದ ಮೆಲ್ಲಗೆ ಕೆಳಕ್ಕೆ ಬಾಗಿಸಿ, ಅದರ ಮೇಲೆ ಸೀಮೆಸುಣ್ಣದ ಪುಡಿ ಉದುರಿಸುತ್ತಿದ್ದೆ. ಬೆರಳು ಜಾರಿದೊಡನೆ ಪುಡಿ ಮೇಲಕ್ಕೆ ಚಿಮ್ಮುತ್ತಿತ್ತು. ಸುಮಾತ್ರಾದ ಪಕ್ಕದ ಕಡಲ ತಳದಲ್ಲಿರುವ ಆಳ ಕಮರಿಯಾದ ಸುಂದಾ ಕಂದರದಲ್ಲಿ ಭಾರತದ ಭೂಫಲಕವು (ಭೂಮಿಯ ಹೊರಪದರದ ಬೃಹತ್ ತುಂಡು) ಬರ್ಮಾ ಫಲಕದ ಅಡಿಗೆ ನುಸುಳುತ್ತಾ, ಅದರ ಅಂಚನ್ನು ನೂರಾರು ವರ್ಷ ಹೀಗೆಯೇ ಬಾಗಿಸಿ ಹಿಡಿದಿತ್ತು. 2004ರ ಡಿಸೆಂಬರ್ 26ರಂದು ನಮ್ಮ ಗಡಿಯಾರದಲ್ಲಿ ಬೆಳಿಗ್ಗೆ 6 ಗಂಟೆ 29 ನಿಮಿಷದ ಸುಮಾರಿಗೆ ಆ ಹಿಡಿತ ತಪ್ಪಿತು. ಸುಮಾತ್ರಾದ ಪಶ್ಚಿಮದಿಂದ ಅಂಡಮಾನಿನವರೆಗೆ 1200 ಕಿಲೋಮೀಟರಿಗೂ ಉದ್ದಕ್ಕೆ, ಹಲವು ನಿಮಿಷಗಳ ಕಾಲ ಬಿರುಕು ಹರಿಯುತ್ತಾ ಹೋಯಿತು. ಭೂಕಂಪದ ಪ್ರಮಾಣ 9.1. ಮೇಲಕ್ಕೆ ಚಿಮ್ಮಿದ ತಳ ತನ್ನ ಮೇಲಿದ್ದ ಇಡೀ ಸಾಗರವನ್ನೇ ಎತ್ತಿತು.

ಆಳ ಕಡಲಿನಲ್ಲಿ ಈ ಅಲೆ ವಿಮಾನದ ವೇಗದಲ್ಲಿ ಓಡುತ್ತದೆ, ಆದರೆ ಕಣ್ಣಿಗೆ ಬೀಳುವುದಿಲ್ಲ. ಸುಮಾರು ಎರಡು ಗಂಟೆಯ ನಂತರ ಮೇಲೆ ಹಾದುಹೋದ ಉಪಗ್ರಹ ಅಳೆದ ಎತ್ತರ ಬರೀ 60 ಸೆಂಟಿಮೀಟರಿನಷ್ಟು. ನಡುಗಡಲಿನಲ್ಲಿದ್ದ ಮೀನುಗಾರರಿಗೆ ಏನೂ ತಿಳಿಯದೆ, ಮರಳಿ ಬಂದಾಗ ಊರೇ ಇಲ್ಲದ್ದನ್ನು ಕಂಡದ್ದು ಇದೇ ಕಾರಣಕ್ಕೆ.

ಇನ್ನು ಎಚ್ಚರಿಕೆಯ ವಿಷಯ. ಹವಾಯಿಯ ಪೆಸಿಫಿಕ್ ಸುನಾಮಿ ಎಚ್ಚರಿಕೆ ಕೇಂದ್ರ ಭೂಕಂಪವಾದ 15 ನಿಮಿಷದಲ್ಲೇ ಪ್ರಕಟಣೆ ಹೊರಡಿಸಿತು. ಆದರೆ ಅದರಲ್ಲಿ ಪ್ರಮಾಣ 8.0 ಎಂದಿತ್ತು ಮತ್ತು ಪೆಸಿಫಿಕ್ ಸಾಗರಕ್ಕೆ ಅಪಾಯವಿಲ್ಲ ಎಂದು ತಿಳಿಸಲಾಗಿತ್ತು. ನಿಮಿಷಗಟ್ಟಲೆ ಹರಿಯುವ ಬಿರುಕಿನ ನಿಜವಾದ ಬಲ ಮೊದಲ ಕಂಪನಗಳಲ್ಲಿ ಪೂರ್ತಿ ತೋರುವುದಿಲ್ಲವಾದ್ದರಿಂದ ಆ ಅಂದಾಜು ತಪ್ಪಿದ್ದನ್ನು ನಾನು ದೊಡ್ಡ ದೋಷವೆಂದು ಎಣಿಸುವುದಿಲ್ಲ. ಅದಕ್ಕಿಂತ ನೋವಿನ ಸಂಗತಿ ಎಂದರೆ, ಹಿಂದೂ ಮಹಾಸಾಗರಕ್ಕೆ ಅಂಥದ್ದೊಂದು ವ್ಯವಸ್ಥೆಯೇ ಇರಲಿಲ್ಲ. ಅಲೆ ಬರುತ್ತಿದೆ ಎಂದು ಗೊತ್ತಾಗಿದ್ದರೂ ಯಾರಿಗೆ ಫೋನ್ ಮಾಡಬೇಕೆಂಬುದು ಎಲ್ಲೂ ನಿಗದಿಯಾಗಿರಲಿಲ್ಲ. ಕಾರ್ ನಿಕೋಬಾರ್ ದ್ವೀಪದ ವಾಯುನೆಲೆಗೆ ನೀರು ನುಗ್ಗಿದ ಸುದ್ದಿ ಮುಖ್ಯಭೂಮಿಯನ್ನು ಮುಟ್ಟಿದ್ದರೂ, ಅದು ನಾಗಪಟ್ಟಿಣಂನ ಮೀನುಗಾರರ ಕೇರಿಗಳಿಗೆ ಇಳಿಯಲಿಲ್ಲ. ಭಾನುವಾರದ ಬೆಳಗು, ದೋಣಿಗಳ ಸುತ್ತ ಹೆಂಗಸರು, ಮರಳಲ್ಲಿ ಆಡುವ ಮಕ್ಕಳು, ವೇಳಾಂಗಣ್ಣಿಗೆ ಬಂದ ಯಾತ್ರಿಕರು. ಆ ಒಂದೇ ಜಿಲ್ಲೆಯಲ್ಲಿ 6000ಕ್ಕೂ ಹೆಚ್ಚು ಜನ ಸತ್ತರು.

ಶ್ರೀಲಂಕಾದ ಪೆರಲಿಯದಲ್ಲಿ ಆದದ್ದನ್ನು ನೆನೆದರೆ ಈಗಲೂ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ಮೊದಲ ಅಲೆಯ ನೀರು ಹಳಿಗಳನ್ನು ಮುಚ್ಚಿ, ಕಿಕ್ಕಿರಿದ ರೈಲು ನಿಂತಿತು. ಊರಿನವರು ಓಡಿ ಬಂದು ಬೋಗಿಗಳ ಮೇಲೆ ಹತ್ತಿದರು, ಕೆಲವರು ರೈಲನ್ನೇ ಗೋಡೆಯೆಂದು ನಂಬಿ ಅದರ ಹಿಂದೆ ನಿಂತರು. ಸ್ವಲ್ಪ ಹೊತ್ತಿನಲ್ಲಿ ಬಂದ ಇನ್ನೂ ಎತ್ತರದ ಅಲೆ ರೈಲನ್ನು ಎತ್ತಿ ಒಗೆಯಿತು, ಸಾವಿರಕ್ಕೂ ಹೆಚ್ಚು ಜನ ಹೋದರು. ಸುನಾಮಿ ಎಂದರೆ ಒಂದೇ ಅಲೆಯಲ್ಲ, ಮೊದಲನೆಯದೇ ದೊಡ್ಡದಾಗಿರಬೇಕೆಂದಿಲ್ಲ ಎಂಬ ಒಂದು ಮಾತು ಗೊತ್ತಿದ್ದರೆ, ಆ ನಡುವಿನ ನಿಮಿಷಗಳಲ್ಲಿ ಎಷ್ಟೋ ಮಂದಿ ಒಳನಾಡಿಗೆ ನಡೆದುಬಿಡಬಹುದಿತ್ತು.

ಇದಕ್ಕೆ ಪ್ರತಿಯಾಗಿ ಇಂಡೋನೇಷ್ಯಾದ ‘ಆಚೆ’ ಎಂಬ ಪ್ರಾಂತ್ಯಕ್ಕೆ ಸೇರಿದ ಸಿಮೆಯುಲುವೆ ದ್ವೀಪವನ್ನು ನೋಡಿ. ಭೂಕಂಪದ ಕೇಂದ್ರಕ್ಕೆ ಅಷ್ಟು ಹತ್ತಿರದ ಆ ದ್ವೀಪಕ್ಕೆ ಅಲೆ ಹತ್ತೇ ನಿಮಿಷದೊಳಗೆ ಬಂತು. ಸೈರನ್ ಇರಲಿಲ್ಲ, ರೇಡಿಯೋ ಪ್ರಕಟಣೆ ಇರಲಿಲ್ಲ. ಆದರೆ 1907ರ ಸುನಾಮಿಯಲ್ಲಿ ಬಂಧುಗಳನ್ನು ಕಳೆದುಕೊಂಡ ಅಜ್ಜ ಅಜ್ಜಿಯರು ‘ಸ್ಮೊಂಗ್’ ಎಂಬ ಒಂದು ಪದವನ್ನು ಮೊಮ್ಮಕ್ಕಳ ಬಾಯಲ್ಲಿ ಬಿಟ್ಟು ಹೋಗಿದ್ದರು: ನೆಲ ಜೋರಾಗಿ ನಡುಗಿ ಕಡಲು ಹಿಂದೆ ಸರಿದರೆ ಗುಡ್ಡಕ್ಕೆ ಓಡಬೇಕು. ಜನ ‘ಸ್ಮೊಂಗ್, ಸ್ಮೊಂಗ್’ ಎಂದು ಕೂಗುತ್ತಾ ಓಡಿದರು. ಸುಮಾರು 78,000 ಜನರಲ್ಲಿ ತೀರಿಕೊಂಡವರು 7 ಮಂದಿ. ಅದೇ ಆಚೆ ಪ್ರಾಂತ್ಯದ ಬಂಡಾ ಆಚೆ ನಗರದಲ್ಲಿ ಅಂಥ ನೆನಪು ಉಳಿದಿರಲಿಲ್ಲ. ಅಲ್ಲಿ 2600 ಟನ್ ತೂಕದ ವಿದ್ಯುತ್ ಉತ್ಪಾದನಾ ಹಡಗನ್ನು ನೀರು ಕಿಲೋಮೀಟರುಗಟ್ಟಲೆ ಒಳಕ್ಕೆ ಹೊತ್ತು ತಂದು ಮನೆಗಳ ಮೇಲೆ ಕೂರಿಸಿತು. ಅದು ಇಂದಿಗೂ ಅಲ್ಲೇ ಇದೆ. ಇಂಡೋನೇಷ್ಯಾ ಒಂದರಲ್ಲೇ ಸತ್ತವರು, ಕಾಣೆಯಾದವರು ಒಂದೂವರೆ ಲಕ್ಷಕ್ಕೂ ಮೀರಿದರು.

ಈಗ ನಿಮ್ಮ ಎರಡನೆಯ ಪ್ರಶ್ನೆ. 2007ರ ಅಕ್ಟೋಬರ್‌ನಿಂದ ಸಾಗರದ ಮಾಹಿತಿ ಒದಗಿಸುವ ಹೈದರಾಬಾದಿನ ಸರ್ಕಾರಿ ಸಂಸ್ಥೆ ಇನ್‌ಕಾಯಿಸ್‌ನಲ್ಲಿ ಭಾರತದ ಸುನಾಮಿ ಎಚ್ಚರಿಕೆ ಕೇಂದ್ರ ಹಗಲಿರುಳು ಕೆಲಸ ಮಾಡುತ್ತಿದೆ. ಕಂಪನ ದಾಖಲಾದ ಕೆಲವೇ ನಿಮಿಷಗಳಲ್ಲಿ ಅಲ್ಲಿಂದ ಪ್ರಕಟಣೆ ಹೊರಡುತ್ತದೆ, ಕಡಲ ತಳದ ಒತ್ತಡಮಾಪಕಗಳು ಅಲೆ ಹುಟ್ಟಿದೆಯೋ ಇಲ್ಲವೋ ಎಂಬುದನ್ನು ಹೇಳುತ್ತವೆ. ಒಡಿಶಾದ ವೆಂಕಟರಾಯಪುರ ಮತ್ತು ನೋಲಿಯಾಸಾಹಿ ಎಂಬ ಎರಡು ಹಳ್ಳಿಗಳು 2020ರಲ್ಲಿ ಯುನೆಸ್ಕೋದಿಂದ ಸುನಾಮಿಗೆ ಸನ್ನದ್ಧ ಊರುಗಳೆಂದು ಮನ್ನಣೆ ಪಡೆದದ್ದು ನನಗೆ ಉಪಗ್ರಹಗಳಿಗಿಂತ ಹೆಚ್ಚು ಭರವಸೆ ಕೊಟ್ಟಿದೆ, ಏಕೆಂದರೆ ಎಲ್ಲಿಗೆ ಓಡಬೇಕೆಂದು ಅಲ್ಲಿಯ ಜನರಿಗೆ ಅಭ್ಯಾಸವಾಗಿದೆ. ಹೀಗಾಗಿ ಸುಮಾತ್ರಾದ ಕಡೆಯಿಂದ ಅಲೆ ಹೊರಟರೆ ನಮ್ಮ ಪೂರ್ವ ಕರಾವಳಿಗೆ ಸುದ್ದಿ ಮೊದಲೇ ತಲುಪುತ್ತದೆ ಎಂದು ನಾನು ನಂಬುತ್ತೇನೆ. ನಿಕೋಬಾರಿನ ಬಗ್ಗೆ ಅಷ್ಟು ಧೈರ್ಯದಿಂದ ಹೇಳಲಾರೆ. ಅಂದು ಆ ದ್ವೀಪಗಳ ದಕ್ಷಿಣದ ತುದಿಯಾದ ಇಂದಿರಾ ಪಾಯಿಂಟಿನ ನೆಲವೇ ನಾಲ್ಕು ಮೀಟರಿಗೂ ಹೆಚ್ಚು ಕುಸಿದು ಅಲ್ಲಿಯ ದೀಪಸ್ತಂಭದ ಬುಡಕ್ಕೆ ಕಡಲು ಬಂತು. ಬಿರುಕು ಹಾದುಹೋಗುವುದೇ ಆ ದ್ವೀಪಗಳ ಪಕ್ಕದಲ್ಲಾದ್ದರಿಂದ ಪ್ರಕಟಣೆಯೂ ಅಲೆಯೂ ಹೆಚ್ಚುಕಡಿಮೆ ಒಟ್ಟಿಗೇ ಬರಬಹುದು. ಅಲ್ಲಿ ನಿಲ್ಲಲಾಗದಂತೆ ನೆಲ ನಡುಗಿದರೆ ಫೋನಿನ ಸಂದೇಶಕ್ಕೆ ಕಾಯದೆ ಎತ್ತರಕ್ಕೆ ಹೊರಡಬೇಕು, ಮತ್ತು ಮೊದಲ ನೀರು ಇಳಿಯಿತೆಂದು ಕೆಳಗಿಳಿಯಬಾರದು.