ಯುರೋಪಿನ ಕಾನೂನನ್ನು ಕಟ್ಟಿದ್ದು ನ್ಯಾಯಾಲಯ ಎನ್ನುತ್ತಾರೆ, ಅದು ಎಷ್ಟು ನಿಜ?

ಯುರೋಪಿಯನ್ ಒಕ್ಕೂಟಕ್ಕೆ ತನ್ನದೇ ಪಾರ್ಲಿಮೆಂಟ್ ಇದೆ, ದೇಶಗಳು ಸಹಿ ಹಾಕಿದ ಒಪ್ಪಂದಗಳಿವೆ. ಹಾಗಿರುವಾಗ ನ್ಯಾಯಾಧೀಶರಿಗೆ ಅಷ್ಟು ಮಹತ್ವ ಏಕೆ ಎಂದು ಕೇಳಿದ್ದೀರಿ. ನಾನು ಕಾನೂನು ಓದಿದವನು, ಈ ತೀರ್ಪುಗಳ ಹುಚ್ಚು ಸ್ವಲ್ಪ ಜಾಸ್ತಿಯೇ ಇದೆ. ನ್ಯಾಯಾಲಯವೇ ಕಟ್ಟಿತು ಎಂಬ ಮಾತು ನಿಜ. ಆದರೆ ಅದರಲ್ಲಿ ಅರ್ಧ ಪಾಲು ಲಕ್ಸೆಂಬರ್ಗ್‌ನ ಒಕ್ಕೂಟ ನ್ಯಾಯಾಲಯಕ್ಕೆ ಸಲ್ಲಬೇಕಾದರೆ, ಉಳಿದರ್ಧ ಯಾರೂ ಹೆಸರು ನೆನಪಿಡದ ಕೆಳ ನ್ಯಾಯಾಲಯಗಳಿಗೆ ಸಲ್ಲಬೇಕು.

ಒಂದು ಕರೆಂಟ್ ಬಿಲ್ಲಿನಿಂದ ಶುರು ಮಾಡುತ್ತೇನೆ. 1962ರಲ್ಲಿ ಇಟಲಿ ವಿದ್ಯುತ್ ಉದ್ಯಮವನ್ನು ರಾಷ್ಟ್ರೀಕರಣ ಮಾಡಿತು. ಮಿಲಾನ್‌ನ ವಕೀಲ ಫ್ಲಾಮಿನಿಯೊ ಕೋಸ್ಟಾ ಸರ್ಕಾರದ ಪಾಲಾದ ಒಂದು ವಿದ್ಯುತ್ ಕಂಪನಿಯ ಷೇರುದಾರರಾಗಿದ್ದರು. ಹೊಸ ಸರ್ಕಾರಿ ಸಂಸ್ಥೆ ಎನೆಲ್ ಕಳುಹಿಸಿದ 1,925 ಲೀರಾ ಬಿಲ್ಲನ್ನು ಕಟ್ಟುವುದಿಲ್ಲ ಎಂದು ಹಟ ಹಿಡಿದರು. ರಾಷ್ಟ್ರೀಕರಣದ ಕಾಯ್ದೆಯೇ ಒಕ್ಕೂಟಕ್ಕೆ ಬುನಾದಿ ಹಾಕಿದ 1957ರ ರೋಮ್ ಒಪ್ಪಂದಕ್ಕೆ ವಿರುದ್ಧ ಎಂಬುದು ಅವರ ವಾದ. ಇಷ್ಟು ಸಣ್ಣ ಮೊತ್ತದ ವ್ಯಾಜ್ಯ ಹೋದದ್ದು ಸಣ್ಣಪುಟ್ಟ ತಕರಾರು ಬಗೆಹರಿಸುವ ನ್ಯಾಯಾಧೀಶರ ಮುಂದೆ. ಮೊತ್ತ ಅಷ್ಟು ಚಿಕ್ಕದಾದ್ದರಿಂದ ಮೇಲ್ಮನವಿಗೆ ಅವಕಾಶವಿರಲಿಲ್ಲ. ಮೇಲ್ಮನವಿ ಇಲ್ಲದ ನ್ಯಾಯಾಲಯ ಒಪ್ಪಂದದ ಅರ್ಥದ ಬಗ್ಗೆ ಸಂಶಯ ಬಂದರೆ ಲಕ್ಸೆಂಬರ್ಗ್‌ಗೆ ಬರೆದು ಕೇಳಲೇಬೇಕು ಎಂದು ಒಪ್ಪಂದವೇ ಹೇಳಿತ್ತು. ಅವರು ಬರೆದರು.

ಇದೇ ವ್ಯಾಜ್ಯದಲ್ಲಿ ಇಟಲಿಯ ಸಾಂವಿಧಾನಿಕ ನ್ಯಾಯಾಲಯ 1964ರ ಮಾರ್ಚ್‌ನಲ್ಲಿ ಒಪ್ಪಂದಕ್ಕಿಂತ ಆಮೇಲೆ ಬಂದ ದೇಶದ ಕಾಯ್ದೆಯೇ ಮೇಲು ಎಂದಿತ್ತು. ಜುಲೈನಲ್ಲಿ ಲಕ್ಸೆಂಬರ್ಗ್ ಅದಕ್ಕೆ ತದ್ವಿರುದ್ಧ ಹೇಳಿತು: ಒಕ್ಕೂಟದ ಕಾನೂನಿಗೂ ದೇಶದ ಕಾನೂನಿಗೂ ಘರ್ಷಣೆ ಬಂದರೆ ಒಕ್ಕೂಟದ್ದೇ ಮೇಲು. ರೋಮ್ ಒಪ್ಪಂದವನ್ನು ಹುಡುಕಿ ನೋಡಿ, ಈ ವಾಕ್ಯ ಎಲ್ಲೂ ಸಿಗುವುದಿಲ್ಲ. ನಮ್ಮ ಸಂವಿಧಾನದಲ್ಲಿ “ಮೂಲ ಸ್ವರೂಪ” ಎಂಬ ಪದ ಸಿಗದ ಹಾಗೆಯೇ. ಅದು ಕಾಸರಗೋಡಿನ ಎಡನೀರು ಮಠದ ಸ್ವಾಮೀಜಿಯವರ ಮೊಕದ್ದಮೆಯಲ್ಲಿ, 1973ರ ತೀರ್ಪಿನಿಂದ ಬಂದದ್ದು. ಅಂದ ಹಾಗೆ ಕೋಸ್ಟಾ ಅವರಿಗೆ ರಾಷ್ಟ್ರೀಕರಣವನ್ನು ತಡೆಯಲಾಗಲಿಲ್ಲ.

ಹೀಗೆ ಬರೆದು ಕೇಳುವ ವ್ಯವಸ್ಥೆಯೇ ಇಡೀ ಯಂತ್ರದ ಕೀಲು. ಲಕ್ಸೆಂಬರ್ಗ್ ಆ ಮೊಕದ್ದಮೆಯನ್ನು ತಾನೇ ತೀರ್ಮಾನಿಸುವುದಿಲ್ಲ, ಒಕ್ಕೂಟದ ಕಾನೂನಿನ ಅರ್ಥವನ್ನಷ್ಟೇ ತಿಳಿಸುತ್ತದೆ. ಅಂತಿಮ ಆದೇಶ ಬರೆಯುವವರು ಅದೇ ಊರಿನ ನ್ಯಾಯಾಧೀಶರು. ಆದೇಶ ಸ್ವಂತ ದೇಶದ ನ್ಯಾಯಾಲಯದಿಂದ ಬಂದಾಗ ಸರ್ಕಾರಕ್ಕೆ ಅದನ್ನು ಹೊರಗಿನವರ ಮಾತು ಎಂದು ತಳ್ಳಿಹಾಕುವುದು ಕಷ್ಟ. ಇನ್ನೊಂದು ಆಕರ್ಷಣೆಯೂ ಇತ್ತು. 1978ರಲ್ಲಿ, ಫ್ರಾನ್ಸ್‌ನಿಂದ ತರಿಸಿದ ದನದ ಮಾಂಸದ ತಪಾಸಣಾ ಶುಲ್ಕದ ಕುರಿತ ಸಿಮೆಂತಾಲ್ ಪ್ರಕರಣದಲ್ಲಿ, ಒಕ್ಕೂಟದ ಕಾನೂನಿಗೆ ವಿರುದ್ಧವಾದ ಕಾಯ್ದೆಯನ್ನು ಕೆಳ ನ್ಯಾಯಾಲಯ ತಾನೇ ಬದಿಗಿಡಬಹುದು, ಸಾಂವಿಧಾನಿಕ ನ್ಯಾಯಾಲಯಕ್ಕಾಗಿ ಕಾಯಬೇಕಿಲ್ಲ ಎಂದು ತೀರ್ಪು ಬಂತು. ಸಂಸತ್ತಿನ ಕಾಯ್ದೆಯನ್ನು ಮುಟ್ಟುವ ಅಧಿಕಾರವೇ ಇಲ್ಲದಿದ್ದ ನ್ಯಾಯಾಧೀಶರ ಕೈಗೆ ಅದು ಒಮ್ಮೆಲೇ ಬಂತು. ಅಂಥವರು ಲಕ್ಸೆಂಬರ್ಗ್‌ಗೆ ಪತ್ರ ಬರೆಯಲು ಏಕೆ ಹಿಂಜರಿಯುತ್ತಾರೆ?

ಮಾರುಕಟ್ಟೆಯ ಕಡೆಗೆ ಬಂದರೆ, ಕಾಸಿಸ್ ದ ದಿಜೋನ್ ಎಂಬ ಹಣ್ಣಿನ ಮದ್ಯದ ಬಗ್ಗೆ 1979ರಲ್ಲಿ ಬಂದ ತೀರ್ಪು. ಹಣ್ಣಿನ ಮದ್ಯದಲ್ಲಿ ಕನಿಷ್ಠ 25 ಶೇಕಡಾ ಆಲ್ಕೋಹಾಲ್ ಇರಬೇಕು ಎಂದು ಜರ್ಮನಿಯ ನಿಯಮ. ಈ ಫ್ರೆಂಚ್ ಪಾನೀಯದಲ್ಲಿ ಇದ್ದದ್ದು 15ರಿಂದ 20. ಕಡಿಮೆ ಮತ್ತಿನ ಪಾನೀಯ ಸುಲಭವಾಗಿ ಸಿಕ್ಕರೆ ಜನ ಕುಡಿತಕ್ಕೆ ಒಗ್ಗಿಹೋಗುತ್ತಾರೆ ಎಂದು ಜರ್ಮನ್ ಸರ್ಕಾರ ಗಂಭೀರವಾಗಿಯೇ ವಾದಿಸಿತು. ವಾದ ನಿಲ್ಲಲಿಲ್ಲ. ಒಂದು ದೇಶದಲ್ಲಿ ಕಾನೂನುಬದ್ಧವಾಗಿ ಮಾರುವ ಸರಕನ್ನು ಬಲವಾದ ಕಾರಣವಿಲ್ಲದೆ ಇನ್ನೊಂದು ದೇಶ ತಡೆಯುವಂತಿಲ್ಲ ಎಂಬ ತತ್ವ ಅಲ್ಲಿ ನೆಲೆಯಾಯಿತು.

ಎಲ್ಲರೂ ತಲೆಬಾಗಿದರು ಎಂದುಕೊಳ್ಳಬೇಡಿ. ಒಕ್ಕೂಟದಲ್ಲಿ ಮೂಲಭೂತ ಹಕ್ಕುಗಳ ಪಟ್ಟಿ ಇಲ್ಲದಿರುವವರೆಗೆ ನಾವೇ ಪರಿಶೀಲಿಸುತ್ತೇವೆ ಎಂದು ಜರ್ಮನಿಯ ಸಾಂವಿಧಾನಿಕ ನ್ಯಾಯಾಲಯ 1974ರಲ್ಲಿ ಹೇಳಿತು. ಲಕ್ಸೆಂಬರ್ಗ್ ತೀರ್ಪಿನ ಮೇಲೆ ತೀರ್ಪು ಕೊಟ್ಟು ಹಕ್ಕುಗಳನ್ನು ತನ್ನ ಕಾನೂನಿನೊಳಗೆ ತಂದುಕೊಂಡ ಮೇಲೆ, 1986ರಲ್ಲಿ, ಆ ರಕ್ಷಣೆ ಇರುವವರೆಗೆ ಪರಿಶೀಲಿಸುವುದಿಲ್ಲ ಎಂದು ಮಾತನ್ನು ತಿರುಗಿಸಿತು. ನನ್ನ ಮಟ್ಟಿಗೆ ಯುರೋಪಿನ ಹಕ್ಕುಗಳ ಕಾನೂನು ಬೆಳೆದದ್ದು ವಿಧೇಯತೆಯಿಂದಲ್ಲ, ಈ ಜಗ್ಗಾಟದಿಂದ. ಅದು ಮುಗಿದೂ ಇಲ್ಲ: ಯುರೋಪಿಯನ್ ಕೇಂದ್ರ ಬ್ಯಾಂಕಿನ ಸಾಲಪತ್ರ ಖರೀದಿಯ ವಿಷಯದಲ್ಲಿ ಲಕ್ಸೆಂಬರ್ಗ್‌ನ ತೀರ್ಪು ಅಧಿಕಾರ ಮೀರಿದ್ದು ಎಂದು ಅದೇ ಜರ್ಮನ್ ನ್ಯಾಯಾಲಯ 2020ರ ಮೇ 5ರಂದು ಘೋಷಿಸಿತು.

ಒಂದೇ ತೀರ್ಪು ಓದುವುದಾದರೆ 1963ರ ವಾನ್ ಗೆಂಡ್ ಎನ್ ಲೋಸ್ ಓದಿ. ಜರ್ಮನಿಯಿಂದ ತರಿಸಿದ ರಾಸಾಯನಿಕದ ಮೇಲಿನ ಸುಂಕ 3 ಶೇಕಡಾದಿಂದ 8ಕ್ಕೆ ಏರಿದ್ದನ್ನು ಡಚ್ ಸಾಗಣೆ ಕಂಪನಿಯೊಂದು ಪ್ರಶ್ನಿಸಿದ ಪ್ರಕರಣ. ಒಪ್ಪಂದದ ಹಕ್ಕನ್ನು ಸಾಮಾನ್ಯರೂ ತಮ್ಮ ದೇಶದ ನ್ಯಾಯಾಲಯದಲ್ಲೇ ಕೇಳಬಹುದು ಎಂದದ್ದು ಅಲ್ಲಿ. ಜೊತೆಗೆ ಅಡ್ವೊಕೇಟ್ ಜನರಲ್, ಅಂದರೆ ತೀರ್ಪಿಗೆ ಮುನ್ನ ನ್ಯಾಯಾಲಯಕ್ಕೆ ಸಲಹೆ ಕೊಡುವವರು, ಕಾರ್ಲ್ ರೋಮರ್ ನೀಡಿದ ಅಭಿಪ್ರಾಯವನ್ನೂ ಓದಿ. ಆ ನ್ಯಾಯಾಲಯದಲ್ಲಿ ಭಿನ್ನಮತದ ತೀರ್ಪು ಪ್ರಕಟವಾಗುವುದಿಲ್ಲ, ಹಾಗಾಗಿ ಒಳಗಿನ ಚರ್ಚೆ ನಮಗೆ ಕಾಣುವುದೇ ಇಲ್ಲ. ರೋಮರ್ ಮಾತ್ರ, ಆ ಹಕ್ಕು ಸಿಗಬಾರದು ಎಂದು ಬಹಿರಂಗವಾಗಿಯೇ ಬರೆದಿದ್ದರು.